ನೋಟಿನ ಆರನೇ ಸಾಲು

ಜೇಬಿನಲ್ಲಿ ನೂರರ ನೋಟಿದ್ದರೆ ಒಮ್ಮೆ ತೆಗೆದು ಹಿಂಬದಿ ನೋಡಿ. ಎಡಗಡೆಯ ಉದ್ದನೆಯ ಚೌಕಟ್ಟಿನಲ್ಲಿ ಹದಿನೈದು ಭಾಷೆಗಳು ಒಂದರ ಕೆಳಗೊಂದು ನಿಂತಿವೆ. ನಾಲ್ಕನೆಯದು ನಮ್ಮದು, 'ನೂರು ರೂಪಾಯಿಗಳು'. ಅದರ ಕೆಳಗೆ ಕಾಶ್ಮೀರಿ. ಆರನೆಯದು ಕೊಂಕಣಿ: 'ಶಂಬರ ರುಪಯಾ', ನಾಗರಿ ಲಿಪಿಯಲ್ಲಿ. ಇನ್ನೆರಡು ಸಾಲು ಇಳಿದರೆ ಮರಾಠಿಯ 'ಶಂಭರ ರುಪಯೇ'. ಇವೆರಡರ ನಡುವೆ ಇರುವುದು ಒಂದು ಮಹಾಪ್ರಾಣ ಮತ್ತು ಒಂದು ಸ್ವರದ ಅಂತರ. ನೋಟನ್ನು ಅವಸರದಲ್ಲಿ ಎಣಿಸುವ ಯಾರಿಗೂ ಅದು ಕಾಣುವುದಿಲ್ಲ.

ಈ ನೋಟನ್ನು ಹೊರಡಿಸುವ ರಿಸರ್ವ್ ಬ್ಯಾಂಕಿನ ಕೇಂದ್ರ ಕಚೇರಿ ಇರುವುದು ಮುಂಬಯಿಯ ಫೋರ್ಟ್‌ನಲ್ಲಿ. ಕೊಂಕಣಿಯ ಮಟ್ಟಿಗೆ ಈ ಊರೇನೂ ಪರಸ್ಥಳವಲ್ಲ. 2011ರ ಜನಗಣತಿಯ ಪ್ರಕಾರ ದೇಶದಲ್ಲಿ ಕೊಂಕಣಿಯನ್ನು ಮಾತೃಭಾಷೆಯೆಂದು ಹೇಳಿಕೊಂಡವರು ಸುಮಾರು 22.5 ಲಕ್ಷ ಮಂದಿ, ಗೋವಾದಲ್ಲಿ 9.6 ಲಕ್ಷ, ಕರ್ನಾಟಕದಲ್ಲಿ 7.9 ಲಕ್ಷ, ಮಹಾರಾಷ್ಟ್ರದಲ್ಲಿ 4 ಲಕ್ಷ. ಇಷ್ಟು ಜನರ ಭಾಷೆಗೆ ಐದು ಲಿಪಿಗಳಿವೆ. ಗೋವಾದಲ್ಲಿ ನಾಗರಿ, ಅದೇ ಗೋವಾದ ಕ್ರೈಸ್ತರಲ್ಲಿ ರೋಮನ್, ಮಂಗಳೂರು-ಉಡುಪಿಯಲ್ಲಿ ಕನ್ನಡ, ಕೊಚ್ಚಿಯಲ್ಲಿ ಮಲಯಾಳಂ, ಭಟ್ಕಳದ ನವಾಯತರಲ್ಲಿ ಅರಬ್ಬಿ-ಫಾರಸಿ ಲಿಪಿ. ನೋಟಿನಲ್ಲಿ ಜಾಗವಿರುವುದು ಒಂದಕ್ಕೆ.

ಒಂದು ಸಾಲಿನಲ್ಲಿ ಐದನ್ನು ತುರುಕಲಾಗದು ಎಂಬುದು ಸರಿ. ನನ್ನ ಪ್ರಶ್ನೆ ಬೇರೆ. ಆ ಒಂದು ಲಿಪಿಯನ್ನು ಆಯ್ದದ್ದು ಹೇಗೆ, ಆಯ್ದ ಮೇಲೆ ಉಳಿದ ನಾಲ್ಕರ ಗತಿ ಏನಾಯಿತು? ಇದನ್ನು ಕೊಂಕಣಿಯೊಂದನ್ನೇ ನೋಡಿ ಉತ್ತರಿಸುವುದು ಕಷ್ಟ. ಪಕ್ಕಕ್ಕೆ ಇನ್ನೊಂದು ಭಾಷೆಯನ್ನು ಇಟ್ಟುಕೊಂಡರೆ ವಿಷಯ ಸ್ವಲ್ಪ ತಿಳಿಯಾಗುತ್ತದೆ. ಆ ಭಾಷೆ ಮಲಯ. ಅದೂ ಕಡಲ ಕರೆಯ ಭಾಷೆ, ಅದನ್ನೂ ವರ್ತಕರು, ಮೌಲ್ವಿಗಳು, ಪಾದ್ರಿಗಳು, ಸರ್ಕಾರಗಳು ಬೇರೆ ಬೇರೆ ಲಿಪಿಯಲ್ಲಿ ಬರೆದರು. ಅದರ ಕತೆಗೂ ಬೊಂಬಾಯಿಗೂ ನಾವು ಅಂದುಕೊಂಡದ್ದಕ್ಕಿಂತ ಹತ್ತಿರದ ನಂಟಿದೆ.

ಮೊದಲು ಮನೆಯ ವಿಷಯ. ಲಿಪಿ ಬದಲಾದರೆ ಭಾಷೆಗೆ ಏನಾಗುತ್ತದೆ? 'ಮನೆ' ಎಂಬ ಅರ್ಥದ ಕೊಂಕಣಿ ಪದ ತೆಗೆದುಕೊಳ್ಳಿ. ನಾಗರಿಯಲ್ಲಿ 'ಘರ' ಎಂದು ಎರಡೇ ಅಕ್ಷರ ಬರೆಯುತ್ತಾರೆ. ಕೊನೆಯ ಅಕಾರವನ್ನು ನುಂಗಬೇಕೆಂದು ಓದುವವನಿಗೆ ಗೊತ್ತಿರುತ್ತದೆ. ಕನ್ನಡ ಲಿಪಿ ಹಾಗೆ ಏನನ್ನೂ ನುಂಗುವುದಿಲ್ಲ, ಬರೆದದ್ದನ್ನೆಲ್ಲ ಉಚ್ಚರಿಸುತ್ತದೆ. ಹಾಗಾಗಿ ಮಂಗಳೂರಿನವರು 'ಘರ್' ಎಂದು ಅರ್ಧಾಕ್ಷರ ಹಾಕುತ್ತಾರೆ. ಗೋವಾದ ರೋಮನ್ ಬರಹದಲ್ಲಿ ಅದೇ ಪದದ ನಡುವೆ 'ಓ' ಅಕ್ಷರ ಬರುತ್ತದೆ, 'ಘೊರ್' ಎಂದು ಓದುವ ಹಾಗೆ. ಏಕೆಂದರೆ ಅಲ್ಲಿಯವರ ಬಾಯಲ್ಲಿ ಆ ಅಕಾರ ತುಟಿ ದುಂಡಗೆ ಮಾಡಿಕೊಂಡೇ ಹೊರಡುತ್ತದೆ. ಮೂರು ಲಿಪಿ, ಒಂದೇ ಪದ, ಮೂರು ಬಗೆಯ ಸತ್ಯ. ನಾಗರಿ ಸಂಸ್ಕೃತದ ಕಡೆಗಿನ ನೆಂಟಸ್ತಿಕೆಯನ್ನು ಕಾಪಾಡುತ್ತದೆ, ಕನ್ನಡ ಕಿವಿಗೆ ಬಿದ್ದ ವ್ಯಂಜನಾಂತವನ್ನು ಹಿಡಿಯುತ್ತದೆ, ರೋಮನ್ ಒಂದು ಸೀಮೆಯ ಉಚ್ಚಾರಣೆಯನ್ನು ಹಿಡಿಯುತ್ತದೆ.

ಭಾಷೆಯ ಹೆಸರನ್ನೇ ನೋಡಿ. ಮಂಗಳೂರಿನ ಅಚ್ಚಿನಲ್ಲಿ ಅದು 'ಕೊಂಕ್ಣಿ'. ಕನ್ನಡಿಗ ಓದುಗನಿಗೆ ಅಚ್ಚಿನ ತಪ್ಪಿನಂತೆ ಕಾಣುವ ಈ ರೂಪ ನಿಜವಾದ ಉಚ್ಚಾರಣೆಗೆ ಹತ್ತಿರ. ರೋಮನ್ ಲಿಪಿಯಲ್ಲಿ ಅದೇ ಹೆಸರಿಗೆ ಎರಡು 'ಎನ್' ಜೊತೆಯಾಗಿ ಬರುತ್ತವೆ. ಮೂರ್ಧನ್ಯ 'ಣ'ಕಾರಕ್ಕೆ ಅದು ಅವರ ಗುರುತು. 'ಶ'ಕಾರಕ್ಕೆ ಪೋರ್ಚುಗೀಸರಿಂದ ಬಂದ 'ಎಕ್ಸ್'. ಪದದ ಕೊನೆಯ ಅನುನಾಸಿಕ ಸ್ವರಕ್ಕೆ 'ಎಂ'. ಗೊತ್ತಿಲ್ಲದವರು ಆ 'ಎಂ' ಅನ್ನು ತುಟಿ ಮುಚ್ಚಿ 'ಮ್' ಎಂದೇ ಓದಿಬಿಡುತ್ತಾರೆ. ನಮ್ಮವರೂ ಸೊನ್ನೆಯನ್ನು ಹಾಗೆಯೇ ಓದುವುದುಂಟು. ಬಾಯಿ ಅಗಲಿಸಿ ಹೇಳುವ ಎ-ಒ ಮತ್ತು ಕಿರಿದಾಗಿಸಿ ಹೇಳುವ ಎ-ಒ ಎಂಬ ಭೇದ ಕೊಂಕಣಿಯಲ್ಲಿ ಮುಖ್ಯ. ಅದನ್ನು ಈ ಮೂರರಲ್ಲಿ ಯಾವ ಲಿಪಿಯೂ ನೆಟ್ಟಗೆ ತೋರಿಸುವುದಿಲ್ಲ. ಇಂಥ ಲಿಪಿಯೇ ಕೊಂಕಣಿಗೆ 'ವೈಜ್ಞಾನಿಕ' ಎಂದು ವಾದಿಸುವವರನ್ನು ಕಂಡರೆ ನನಗೆ ಸ್ವಲ್ಪ ಅನುಮಾನ. ಧ್ವನಿಗೆ ಒಪ್ಪುತ್ತದೆ ಎಂಬ ಕಾರಣಕ್ಕೆ ಯಾವ ಭಾಷೆಯೂ ಲಿಪಿಯನ್ನು ಆಯ್ದುಕೊಂಡದ್ದನ್ನು ನಾನು ಕಾಣೆ. ಆಯ್ಕೆ ಆಗುವುದು ಬೇರೆ ಕಡೆ: ಮಠದಲ್ಲಿ, ಅಂಗಡಿಯ ಲೆಕ್ಕದ ಪುಸ್ತಕದಲ್ಲಿ, ಅಚ್ಚುಕೂಟದಲ್ಲಿ, ಶಾಲೆಯಲ್ಲಿ.

ಅಚ್ಚುಕೂಟದ ವಿಷಯಕ್ಕೆ ಒಳ್ಳೆಯ ಸಾಕ್ಷಿಯೊಂದಿದೆ. 1579ರಲ್ಲಿ ಗೋವಾಕ್ಕೆ ಬಂದ ಇಂಗ್ಲಿಷ್ ಜೆಸ್ವಿಟ್ ಪಾದ್ರಿ ಥಾಮಸ್ ಸ್ಟೀಫನ್ಸ್ 1608ರಲ್ಲಿ ರೋಮಿನಲ್ಲಿದ್ದ ತಮ್ಮ ಹಿರಿಯರಿಗೆ ಒಂದು ಕಾಗದ ಬರೆದರು. ಈ ನಾಡಿನ ಭಾಷೆಯ ಪುಸ್ತಕಗಳನ್ನು ಈ ನಾಡಿನ ಅಕ್ಷರದಲ್ಲೇ ಅಚ್ಚು ಹಾಕಿಸಬೇಕೆಂಬುದು ತಮ್ಮ ಬಹುದಿನದ ಆಸೆ, ಮಲಬಾರಿನ ಕಡೆ ಅದು ಆಗಲೇ ಆಗಿದೆ ಎಂದು ಅದರಲ್ಲಿ ಹೇಳುತ್ತಾರೆ. ತಮಿಳು ಅಕ್ಷರದಲ್ಲಿ 1578ರಲ್ಲೇ ಕೊಲ್ಲಂನಲ್ಲಿ ಪುಸ್ತಕ ಅಚ್ಚಾಗಿತ್ತು. ಇಲ್ಲಿ ಅಡ್ಡಿಯಾದದ್ದು ಅಚ್ಚಿನಮೊಳೆಗಳ ಸಂಖ್ಯೆ. ಯುರೋಪಿನಲ್ಲಿ 24 ಅಚ್ಚು ಸಾಕು, ಇಲ್ಲಿ ಕಾಗುಣಿತ ಒತ್ತಕ್ಷರ ಸೇರಿ ಆರುನೂರರಷ್ಟು ಬೇಕು. ಆ ಮೊಳೆಗಳು ಬರಲೇ ಇಲ್ಲ. 1616ರಲ್ಲಿ ರಾಚೋಲ್‌ನಲ್ಲಿ ಅಚ್ಚಾದ ಅವರ ಮರಾಠಿ 'ಕ್ರಿಸ್ತಪುರಾಣ'ವೂ, ಅವರು ತೀರಿಕೊಂಡ ಮೇಲೆ 1622ರಲ್ಲಿ ಬಂದ ಕೊಂಕಣಿ ಪ್ರಶ್ನೋತ್ತರ ಪುಸ್ತಕವೂ, 1640ರಲ್ಲಿ ಬಂದ ವ್ಯಾಕರಣವೂ ರೋಮನ್ ಲಿಪಿಯಲ್ಲೇ ಅಚ್ಚಾದವು. ಕೊಂಕಣಿಯ ರೋಮನ್ ಲಿಪಿಯನ್ನು ಪರಂಗಿಗಳು ಹೇರಿದ ಲಿಪಿ ಎಂದು ಬಯ್ಯುವವರಿದ್ದಾರೆ. ಆ ಲಿಪಿ ಬಂದದ್ದರಲ್ಲಿ ಹೇರಿಕೆಯ ಜೊತೆಗೆ ಖರ್ಚಿನ ಲೆಕ್ಕವೂ ಇತ್ತು ಎನ್ನುವುದನ್ನು ಈ ಕಾಗದ ತೋರಿಸುತ್ತದೆ.

ಆ ವ್ಯಾಕರಣದ ಹೆಸರು 'ಆರ್ತೆ ದ ಲಿಂಗ್ವ ಕನಾರಿಂ'. ಕನಾರಿಂ ಎಂದರೆ ಇಲ್ಲಿ ಕೊಂಕಣಿ! ಪೋರ್ಚುಗೀಸರು ಈ ಕರಾವಳಿಯನ್ನು 'ಕನಾರ' ಎಂದು ಕರೆದು, ಅಲ್ಲಿ ಕೇಳಿದ ಭಾಷೆಗೂ ಅದೇ ಹೆಸರಿಟ್ಟರು. ಪೂರ್ತಿ ತಪ್ಪೆಂದೂ ಹೇಳುವಂತಿಲ್ಲ, ಗೋವಾದ ಗ್ರಾಮಸಂಸ್ಥೆಗಳ ಹಳೆಯ ಲೆಕ್ಕಪತ್ರಗಳು 'ಗೋಯ್ಕಾನಡಿ' ಅಥವಾ 'ಕಂದವಿ' ಎಂಬ, ಕನ್ನಡಕ್ಕೆ ತೀರಾ ಹತ್ತಿರದ ಲಿಪಿಯಲ್ಲಿದ್ದವು. ಈಗ ಅದನ್ನು ಓದಬಲ್ಲವರು ಬೆರಳೆಣಿಕೆಯ ಮಂದಿ. ಶ್ರವಣಬೆಳಗೊಳದ ಗೊಮ್ಮಟನ ಪಾದದ ಬಳಿಯ ನಾಗರಿ ಸಾಲನ್ನು ಮರಾಠಿಯವರೂ ಕೊಂಕಣಿಯವರೂ ತಮ್ಮದೆನ್ನುತ್ತಾರೆ. ಆ ಜಗಳ ಬಿಡಿ. ಅಲ್ಲಿ ಕನ್ನಡ ಮತ್ತು ತಮಿಳು ಸಾಲುಗಳೂ ಇವೆ, ಒಂದೇ ಸಂಗತಿಯನ್ನು ಬೇರೆ ಬೇರೆ ಓದುಗರಿಗೆ ಅವರವರ ಅಕ್ಷರದಲ್ಲಿ ಹೇಳುತ್ತವೆ. ನಮ್ಮ ನೋಟಿನ ಚೌಕಟ್ಟಿನ ಪೂರ್ವಜ ಅದು ಅನ್ನಬಹುದು.

ಈಗ ಮಲಯಕ್ಕೆ ಬರೋಣ. ಅದರ ಅತ್ಯಂತ ಹಳೆಯ ಶಾಸನಗಳು 7ನೇ ಶತಮಾನದ ಕೊನೆಯವು, ಸುಮಾತ್ರಾದ ಪಾಲೆಂಬಾಂಗ್ ಸುತ್ತಮುತ್ತ ಸಿಕ್ಕ ಶ್ರೀವಿಜಯದ ಕಲ್ಲುಗಳು. ಲಿಪಿ ಪಲ್ಲವರ ಗ್ರಂಥದಿಂದ ಬಂದದ್ದು, ಅಂದರೆ ನಮ್ಮ ಕದಂಬ ಲಿಪಿಯ ದಾಯಾದಿ. ಲಿಪಿಗೆ ಮಲಯದಲ್ಲಿ ಇವತ್ತಿಗೂ ಇರುವ ಒಂದು ಪದ 'ಅಕ್ಸರ', ಭಾಷೆಗೆ 'ಬಹಾಸ'. ಆಮೇಲೆ ಸುಮಾತ್ರಾದ ಒಳನಾಡಿನಲ್ಲಿ ಬಿದಿರು, ಕೊಂಬು, ತೊಗಟೆಗಳ ಮೇಲೆ ಕೊರೆಯುತ್ತಿದ್ದ ಕೋನಾಕೋನದ ಲಿಪಿಗಳೂ ಬಳಕೆಯಲ್ಲಿದ್ದವು. 14ನೇ ಶತಮಾನದ ಆರಂಭದ್ದೆಂದು ಹೇಳುವ ತೆರೆಂಗಾನು ಕಲ್ಲಿನಲ್ಲಿ ಮಲಯ ಭಾಷೆ ಅರಬ್ಬಿ ಅಕ್ಷರದಲ್ಲಿ ಕಾಣಿಸಿಕೊಳ್ಳುತ್ತದೆ. ಇದಕ್ಕೆ 'ಜಾವಿ' ಎಂದು ಹೆಸರು. ಜಾವಾ ದ್ವೀಪದ ಜಾವನೀಸ್ ಲಿಪಿಗೂ ಇದಕ್ಕೂ ಸಂಬಂಧವಿಲ್ಲ. ಅರಬರು ಆ ಕಡೆಯ ಜನರನ್ನೆಲ್ಲ ಒಟ್ಟಾಗಿ ಜಾವಿ ಎಂದು ಕರೆಯುತ್ತಿದ್ದುದರಿಂದ ಬಂದ ಹೆಸರು.

ಅರಬ್ಬಿಯಲ್ಲಿ ಇಲ್ಲದ ಚ, ಙ, ಪ, ಗ, ಞ ಎಂಬ ಐದು ಧ್ವನಿಗಳಿಗೆ ಮಲಯರು ಇದ್ದ ಅಕ್ಷರಗಳಿಗೇ ಚುಕ್ಕಿ ಸೇರಿಸಿ ಹೊಸ ಅಕ್ಷರ ಮಾಡಿಕೊಂಡರು. ಇದರಲ್ಲಿ 'ಪ'ಕಾರ ನನಗೆ ತುಂಬ ಇಷ್ಟ. ಫಾರಸಿಯವರು ಬಕಾರದ ಕೆಳಗೆ ಮೂರು ಚುಕ್ಕಿ ಇಟ್ಟು ಪಕಾರ ಮಾಡಿದರೆ, ಮಲಯರು ಫಕಾರದ ಮೇಲೆ ಮೂರು ಚುಕ್ಕಿ ಇಟ್ಟರು. ಅರಬ್ಬಿಯ 'ಫಿಕ್ರ್' ಅವರ ಬಾಯಲ್ಲಿ 'ಪಿಕಿರ್' ಆಗುವುದನ್ನು ಕೇಳಿದರೆ ಆ ಆಯ್ಕೆ ಸಹಜ ಅನ್ನಿಸುತ್ತದೆ. ಸ್ವರಗಳದ್ದು ಮಾತ್ರ ತಾಪತ್ರಯ. ಮಲಯಕ್ಕೆ ಆರು ಸ್ವರ, ಅರಬ್ಬಿ ಕೊಡುವುದು ಮೂರು, ಅವನ್ನೂ ಹಳಬರು ಎಲ್ಲ ಕಡೆ ಬರೆಯುತ್ತಿರಲಿಲ್ಲ. ಬ-ನ-ತ-ಙ ಎಂಬ ನಾಲ್ಕು ವ್ಯಂಜನ ಹಳೆಯ ಬರಹದಲ್ಲಿ ಬಂದರೆ ಅದು 'ಬಿಂತಾಂಗ್' (ನಕ್ಷತ್ರ) ಇರಬಹುದು, 'ಬಾಂತಿಂಗ್' (ಎತ್ತಿ ಬಡಿ) ಇರಬಹುದು, 'ಬೆಂತೆಂಗ್' (ಕೋಟೆ) ಇರಬಹುದು. ಸಂದರ್ಭ ನೋಡಿ ಓದಿಕೊಳ್ಳಬೇಕು. ಶತಮಾನಗಳ ಕಾಲ ಜನ ಹಾಗೆಯೇ ಓದಿಕೊಂಡರು: ರಾಜರ ಪತ್ರ, ವ್ಯಾಪಾರದ ಕರಾರು, ಧರ್ಮಗ್ರಂಥ, ಕತೆ ಎಲ್ಲವನ್ನೂ.

ಆ ಧರ್ಮಗ್ರಂಥಗಳನ್ನು ಬರೆದ ದೊಡ್ಡ ಹೆಸರುಗಳಲ್ಲಿ ಒಂದು ನೂರುದ್ದೀನ್ ರಾನೀರಿ. ಹೆಸರಿನಲ್ಲೇ ಊರಿದೆ, ಸೂರತ್ತಿನ ಪಕ್ಕದ ರಾಂದೇರ್. ಯೆಮೆನ್ ಮೂಲದ ಮನೆತನದಲ್ಲಿ ಗುಜರಾತಿನಲ್ಲಿ ಹುಟ್ಟಿದ ಇವರು 1637ರಲ್ಲಿ ಸುಮಾತ್ರಾದ ಅಚೇಹ್ ಸುಲ್ತಾನನ ಆಸ್ಥಾನಕ್ಕೆ ಹೋದರು, ಮಲಯದಲ್ಲಿ ಜಾವಿ ಲಿಪಿಯಲ್ಲಿ 'ಬುಸ್ತಾನ್ ಅಸ್-ಸಲಾತೀನ್' ಎಂಬ ಬೃಹತ್ ಗ್ರಂಥ ಬರೆದರು, 1644ರಲ್ಲಿ ಮರಳಿ ರಾಂದೇರ್‌ಗೆ ಬಂದು 1658ರಲ್ಲಿ ತೀರಿಕೊಂಡರು. ಪಶ್ಚಿಮ ಕರಾವಳಿಯ ಒಬ್ಬ ಮನುಷ್ಯನಿಗೆ ಮಲಯ ಆಗ ದೂರದ ಭಾಷೆಯಾಗಿರಲಿಲ್ಲ.

ಎರಡು ಶತಮಾನ ಕಳೆದ ಮೇಲೆ ಅಂಥ ಪುಸ್ತಕಗಳು ಬೊಂಬಾಯಿಯಲ್ಲಿ ಅಚ್ಚಾಗತೊಡಗಿದವು. 19ನೇ ಶತಮಾನದ ಕೊನೆಯ ದಶಕಗಳಲ್ಲಿ ಇಲ್ಲಿನ ಮುಸ್ಲಿಂ ಅಚ್ಚುಕೂಟಗಳು ಅರಬ್ಬಿ, ಫಾರಸಿ, ಉರ್ದು ಪುಸ್ತಕಗಳ ಜೊತೆ ಜಾವಿ ಲಿಪಿಯ ಮಲಯ ಪುಸ್ತಕಗಳನ್ನೂ ಅಚ್ಚು ಹಾಕಿ ಹಡಗಿನಲ್ಲಿ ಕಳಿಸುತ್ತಿದ್ದವು. ಇದನ್ನು ಸಾಧ್ಯ ಮಾಡಿದ್ದು ಕಲ್ಲಚ್ಚು. ಲಿಪಿಕಾರ ವಿಶೇಷ ಶಾಯಿಯಲ್ಲಿ ಕಾಗದದ ಮೇಲೆ ಬರೆದದ್ದನ್ನು ಕಲ್ಲಿಗೆ ಇಳಿಸಿ, ಆ ಕಲ್ಲಿನಿಂದ ನೂರಾರು ಪ್ರತಿ ತೆಗೆಯುವ ಕ್ರಮ. ಅಚ್ಚಿನಮೊಳೆಯ ಗೊಡವೆಯೇ ಇಲ್ಲ. ಬರೆಯುವ ಕೈಯೊಂದಿದ್ದರೆ ಯಾವ ಲಿಪಿಯಾದರೂ ಆದೀತು. ಸ್ಟೀಫನ್ಸ್ ಪಾದ್ರಿಗೆ ಸಿಗದೆ ಹೋದದ್ದು ಇದೇ. ಸಿಂಗಪುರದಲ್ಲೂ ಇದೇ ನಡೆದಿತ್ತು. ನಾಗೂರಿನ ಕಡೆಯ ವಂಶವಾಹಿನಿಯುಳ್ಳ ಮುನ್ಶಿ ಅಬ್ದುಲ್ಲಾ ತಮ್ಮ ಆತ್ಮಕಥೆಯನ್ನು 1849ರಲ್ಲಿ ಅಲ್ಲಿ ಕಲ್ಲಚ್ಚಿನಲ್ಲೇ ಹೊರತಂದರು.

ನಮ್ಮ ಊರಿಗೂ ಕಲ್ಲಚ್ಚು ಹೋದದ್ದು ಬೊಂಬಾಯಿಯಿಂದ. 1841ರಲ್ಲಿ ಮಂಗಳೂರಿನ ಬಾಸೆಲ್ ಮಿಷನ್ನಿನವರು ಯಂತ್ರವನ್ನು ಇಲ್ಲಿಂದ ಕೊಂಡೊಯ್ದರು. 1843ರ 'ಮಂಗಳೂರ ಸಮಾಚಾರ' ಅದರಲ್ಲೇ ಅಚ್ಚಾಯಿತು. ಕನ್ನಡದ ಮೊದಲ ಪತ್ರಿಕೆ ಎಂದು ನಾವು ಅದನ್ನು ನೆನೆಯುತ್ತೇವೆ. ಅದೇ ಅಚ್ಚುಕೂಟ ತುಳುವನ್ನೂ ಕನ್ನಡ ಲಿಪಿಯಲ್ಲಿ ಅಚ್ಚು ಹಾಕಿತು ಎಂಬುದನ್ನು ಅಷ್ಟಾಗಿ ನೆನೆಯುವುದಿಲ್ಲ. ತುಳುವಿನ ಹಳೆಯ ಕಾವ್ಯಗಳನ್ನು ಬರೆದ ಲಿಪಿ ಬೇರೆಯಿತ್ತು. ಕಲ್ಲಚ್ಚಿನಲ್ಲಿ ಅದನ್ನೂ ಬರೆಯಬಹುದಿತ್ತು, ತಾಂತ್ರಿಕ ಅಡ್ಡಿ ಏನೂ ಇರಲಿಲ್ಲ. ಆದರೆ ಮಿಷನ್ನಿನ ಶಾಲೆಗಳಲ್ಲಿ ಮಕ್ಕಳು ಕಲಿಯುತ್ತಿದ್ದದ್ದು ಕನ್ನಡ ಅಕ್ಷರ. ಒಂದು ಪುಸ್ತಕಕ್ಕಾಗಿ ಇನ್ನೊಂದು ವರ್ಣಮಾಲೆ ಕಲಿಸುವವರು ಯಾರು? ಮುಂದೆ ಮಂಗಳೂರಿನ ಕೊಂಕಣಿಗೂ ಇದೇ ದಾರಿಯಾಯಿತು. 1912ರ 'ಕೊಂಕಣಿ ದಿರ್ವೆಂ', 1938ರಿಂದ ಇವತ್ತಿನವರೆಗೆ ಬರುತ್ತಿರುವ 'ರಾಕ್ಣೊ' ಎರಡೂ ಕನ್ನಡ ಲಿಪಿಯವು.

ಫೋರ್ಟ್‌ನ ಬೀದಿಗಳಲ್ಲೇ ಇದರ ಇನ್ನೊಂದು ಮಾದರಿ ಕಾಣುತ್ತದೆ. ರಿಸರ್ವ್ ಬ್ಯಾಂಕಿನಿಂದ ಟೌನ್ ಹಾಲ್ ದಾಟಿ ಹಾರ್ನಿಮನ್ ಸರ್ಕಲ್ಲಿನ ಕಡೆ ಐದು ನಿಮಿಷ ನಡೆದರೆ 'ಮುಂಬಯಿ ಸಮಾಚಾರ್'ನ ಕೆಂಪು ಕಟ್ಟಡ. 1822ರಲ್ಲಿ ಫರ್ದೂನ್‌ಜಿ ಮರ್ಜ್‌ಬಾನ್ ಶುರುಮಾಡಿದ ಗುಜರಾತಿ ಪತ್ರಿಕೆ. ಗುಜರಾತಿ ಸಾಹಿತ್ಯವನ್ನು ಆ ಕಾಲದಲ್ಲಿ ನಾಗರಿಯಲ್ಲಿ ಬರೆಯುತ್ತಿದ್ದರು. ತಲೆಗೆರೆಯಿಲ್ಲದ ಓಟದ ಲಿಪಿ ವರ್ತಕರ ಲೆಕ್ಕಕ್ಕೆ, ಕಾಗದಪತ್ರಕ್ಕೆ. 1797ರಲ್ಲಿ 'ಬಾಂಬೆ ಕೂರಿಯರ್' ಪತ್ರಿಕೆಯ ಪಾರ್ಸಿ ಕಂಪಾಸಿಟರ್ ಒಬ್ಬರು ಜಾಹೀರಾತು ಅಚ್ಚು ಹಾಕಲು ಮೊಳೆ ಕೊರೆದದ್ದು ಆ ವರ್ತಕರ ಲಿಪಿಗೆ. ಪತ್ರಿಕೆಗೂ ಅದೇ ಬಂತು, ಆಮೇಲೆ ಕಾವ್ಯಕ್ಕೂ ಅದೇ. ಅಂಗಡಿ ಲಿಪಿ ಗೆದ್ದಿತು, ಯಾವ ಶಾಸನವೂ ಇಲ್ಲದೆ.

ಇದೇ ಬೊಂಬಾಯಿಯಲ್ಲಿ ಕೊಂಕಣಿಯ ರೋಮನ್ ಲಿಪಿ ತಲೆಯೆತ್ತಿದ್ದು ಕೂಡ. ಗೋವಾದಿಂದ ಬಂದ ಅಡುಗೆಯವರು, ಹಡಗಿನ ಆಳುಗಳು, ಬ್ಯಾಂಡಿನವರು ಇದ್ದ ಊರು ಇದು. 1892ರ ಏಪ್ರಿಲ್ 17ರಂದು ಇಲ್ಲಿನ ನ್ಯೂ ಆಲ್ಫ್ರೆಡ್ ಥಿಯೇಟರಿನಲ್ಲಿ 'ಇಟಾಲಿಯನ್ ಭುರ್ಗೊ' ಎಂಬ ಮೊದಲ ತ್ಯಾತ್ರ್ ನಡೆಯಿತು. ಹಾಡು, ನಗೆ, ಕಣ್ಣೀರು ಬೆರೆತ ಆ ನಾಟಕ ಪ್ರಕಾರದ ಬರಹವೆಲ್ಲ ರೋಮನ್. ಅವರ ಪಕ್ಕದಲ್ಲೇ ಇನ್ನೊಂದು ಕೊಂಕಣಿ ಇತ್ತು. ಬಿಚೋಲಿಯಲ್ಲಿ ಹುಟ್ಟಿ ಮುಂಬಯಿಯಲ್ಲಿ ದುಡಿದ ವಾಮನ ರಘುನಾಥ ವರ್ದೆ ವಾಲಾವಲಿಕರ್, ಅಂದರೆ ಶೆಣೈ ಗೋಂಯ್‌ಬಾಬ್, ನಾಗರಿಯಲ್ಲಿ ಕತೆ, ನಾಟಕ, ವ್ಯಾಕರಣ ಬರೆದರು. ಕೊಂಕಣಿ ಮರಾಠಿಯ ಉಪಭಾಷೆಯಲ್ಲ ಎಂದು ಸಾರುವ ಅವರ 'ಕೊಂಕಣಿ ಭಾಶೇಚೆಂ ಜೈತ್' 1930ರದ್ದು. ಹೊನ್ನಾವರದಲ್ಲಿ ಹುಟ್ಟಿದ ಭಾಷಾವಿಜ್ಞಾನಿ ಎಸ್.ಎಂ. ಕತ್ರೆಯವರು ಕೊಂಕಣಿಯ ಧ್ವನಿ-ರೂಪಗಳ ಚರಿತ್ರೆಯನ್ನು ಶಾಸ್ತ್ರೀಯವಾಗಿ ಬರೆದಾಗ, 1942ರಲ್ಲಿ ಅದನ್ನು ಪ್ರಕಟಿಸಿದ್ದು ಬೊಂಬಾಯಿಯ ಕರ್ನಾಟಕ ಪಬ್ಲಿಷಿಂಗ್ ಹೌಸ್.

ನಾಗರಿಯನ್ನು ಆಯ್ದವರ ತರ್ಕ ಅರ್ಥವಾಗುವಂಥದ್ದು. 1939ರಲ್ಲಿ ಕಾರವಾರದಲ್ಲಿ ಮಾಧವ ಮಂಜುನಾಥ ಶಾನಭಾಗರು ಮೊದಲ ಅಖಿಲ ಭಾರತ ಕೊಂಕಣಿ ಪರಿಷತ್ತನ್ನು ಸೇರಿಸಿದಾಗ ಗುರಿ ಹೀಗಿತ್ತು: ಒಂದು ಭಾಷೆ, ಒಂದು ಲಿಪಿ, ಒಂದು ಸಾಹಿತ್ಯ. ಊರೂರಿಗೆ ಹಂಚಿಹೋದ ಜನರನ್ನು ಕೂಡಿಸಲು ಎಲ್ಲರಿಗೂ ಸಲ್ಲುವ ಲಿಪಿ ಬೇಕಲ್ಲ. ಆದರೆ ಒಂದು ವಿಪರ್ಯಾಸವೂ ಜೊತೆಗೇ ಬಂತು. ಮರಾಠಿಯಿಂದ ಬೇರೆ ಎಂದು ಸಾಬೀತುಪಡಿಸಬೇಕಾದ ಭಾಷೆ ಮರಾಠಿಯ ಉಡುಪನ್ನೇ ತೊಟ್ಟು ನಿಂತಿತು. ನೋಟಿನ ಆರನೇ ಸಾಲೂ ಎಂಟನೇ ಸಾಲೂ ಅವಳಿಗಳಂತೆ ಕಾಣುವುದು ಅದರಿಂದ. 1987ರ ಗೋವಾ ರಾಜಭಾಷಾ ಕಾಯ್ದೆ 'ಕೊಂಕಣಿ ಎಂದರೆ ದೇವನಾಗರಿ ಲಿಪಿಯ ಕೊಂಕಣಿ' ಎಂಬ ಅರ್ಥನಿರೂಪಣೆ ಕೊಟ್ಟಿತು. 1992ರಲ್ಲಿ ಕೊಂಕಣಿ ಸಂವಿಧಾನದ ಎಂಟನೇ ಪರಿಚ್ಛೇದಕ್ಕೆ ಸೇರಿತು. ಸಾಹಿತ್ಯ ಅಕಾಡೆಮಿ ಕೂಡ ಕೊಂಕಣಿ ಪ್ರಶಸ್ತಿಗೆ ನಾಗರಿಯಲ್ಲಿ ಅಚ್ಚಾದ ಪುಸ್ತಕಗಳನ್ನೇ ಪರಿಗಣಿಸುತ್ತ ಬಂದಿದೆ. ಜೀವಮಾನವಿಡೀ ಕನ್ನಡ ಅಥವಾ ರೋಮನ್ ಲಿಪಿಯಲ್ಲಿ ಬರೆದವರು ಪ್ರಶಸ್ತಿಯ ಕಣ್ಣಿಗೆ ಬೀಳಬೇಕಾದರೆ ಪುಸ್ತಕವನ್ನು ಇನ್ನೊಮ್ಮೆ ನಾಗರಿಗೆ ಇಳಿಸಬೇಕು.

ಇಲ್ಲಿ ಮಲಯವನ್ನು ಪಕ್ಕಕ್ಕಿಟ್ಟು ನೋಡಿ. ಬ್ರಿಟಿಷರ ಮಲಯದಲ್ಲೂ ಡಚ್ಚರ ದ್ವೀಪಗಳಲ್ಲೂ ಶಾಲೆ ಮತ್ತು ಕಚೇರಿಗೆ ರೋಮನ್ ಅಕ್ಷರ, ಅವರ ಮಾತಿನಲ್ಲಿ 'ರೂಮಿ', ಕಾಲಿಟ್ಟಿತು. ಡಚ್ಚರ ಕಡೆಯ ಕಾಗುಣಿತ 1901ರಲ್ಲಿ, ಬ್ರಿಟಿಷರ ಕಡೆಯದು 1904ರಲ್ಲಿ ನೆಲೆಯಾಯಿತು, ಒಂದಕ್ಕೊಂದು ತಾಳೆಯಿಲ್ಲ. 'ಮೊಮ್ಮಗು' ಎಂಬ ಅರ್ಥದ 'ಚುಚು' ಎಂಬ ಪುಟ್ಟ ಪದ ನೋಡಿ. ಇಂಗ್ಲಿಷರ ಕೈಯಲ್ಲಿ ಅದಕ್ಕೆ ಆರು ಅಕ್ಷರ, ಡಚ್ಚರ ಕೈಯಲ್ಲಿ ಎಂಟು. ಒಂದೇ ಭಾಷೆ, ಒಂದೇ ಲಿಪಿ, ಆದರೂ ಮಲಕ್ಕಾ ಜಲಸಂಧಿಯ ಈಚೆಯ ಪುಸ್ತಕ ಆಚೆಯ ಹುಡುಗನಿಗೆ ಒಗ್ಗುತ್ತಿರಲಿಲ್ಲ. 1972ರ ಆಗಸ್ಟ್ 16ರಂದು ಇಂಡೊನೇಷ್ಯ, ಮಲೇಷ್ಯ ಎರಡೂ ಒಂದು ಕಾಗುಣಿತಕ್ಕೆ ಒಪ್ಪಿದ ಮೇಲೆ ಆ ಪದಕ್ಕೆ ನಾಲ್ಕೇ ಅಕ್ಷರ ಉಳಿಯಿತು. ಕೊಂಕಣಿಯ ರೋಮನ್ ಬರಹಕ್ಕೆ ಇಂಥದ್ದೊಂದು ದಿನ ಬರಲಿಲ್ಲ.

ಮಲಯ ಕಾನೂನಿನಲ್ಲಿ ನನಗೆ ಹಿಡಿಸಿದ್ದು ಇನ್ನೊಂದು. ಮಲೇಷ್ಯದ 1963ರ ರಾಷ್ಟ್ರಭಾಷಾ ಕಾಯ್ದೆ ರೂಮಿಯನ್ನು ಲಿಪಿ ಎಂದು ಘೋಷಿಸಿ, ಅದೇ ಉಸಿರಿನಲ್ಲಿ ಇದರಿಂದ ಜಾವಿಯ ಬಳಕೆಗೆ ನಿಷೇಧವಿಲ್ಲ ಎಂದು ಸೇರಿಸುತ್ತದೆ. ಅಷ್ಟೇ ಅಲ್ಲ, ಆ ವಾಕ್ಯದಲ್ಲಿ ಜಾವಿಯನ್ನು 'ಮಲಯ ಲಿಪಿ' ಎಂದೇ ಕರೆಯುತ್ತದೆ. ಗೋವಾದ ಕಾಯ್ದೆಯಲ್ಲಿ ಇರುವುದು ಅರ್ಥನಿರೂಪಣೆ, ಮಲೇಷ್ಯದ ಕಾಯ್ದೆಯಲ್ಲಿ ಇರುವುದು ಒಂದು ವಿನಾಯಿತಿ. ಒಂದು ಉಳಿದ ಲಿಪಿಗಳನ್ನು ಭಾಷೆಯ ಹೆಸರಿನಿಂದಲೇ ಹೊರಗಿಡುತ್ತದೆ, ಇನ್ನೊಂದು ಬಾಗಿಲನ್ನು ತೆರೆದಿಡುತ್ತದೆ. ಗೋವಾದ ರೋಮನ್ ಲಿಪಿಯವರು ದಶಕಗಳಿಂದ ಕೇಳುತ್ತಿರುವುದು ಈ ಬಾಗಿಲನ್ನೇ.

ಆದರೂ ಫಲ ತಿರುವುಮುರುವಾಗಿದೆ! ವಿನಾಯಿತಿ ಪಡೆದ ಜಾವಿ ಸೊರಗಿತು. ನೋಟಿನ ಮೇಲೆ, ನಾಮಫಲಕದ ಮೇಲೆ, ಧರ್ಮಪಾಠದಲ್ಲಿ ಉಳಿದಿದೆ. ಜನ ದಿನಪತ್ರಿಕೆಯನ್ನೂ ಕಾದಂಬರಿಯನ್ನೂ ಓದುವುದು ರೂಮಿಯಲ್ಲಿ. ಥಾಯ್ಲೆಂಡಿನ ದಕ್ಷಿಣದ ಪಟ್ಟಾನಿಯಲ್ಲಿ ಮತ್ತು ಬ್ರೂನೈಯಲ್ಲಿ ಸ್ವಲ್ಪ ಗಟ್ಟಿಯಾಗಿದೆ. 2019ರಲ್ಲಿ ಮಲೇಷ್ಯದ ಸರ್ಕಾರ ನಾಲ್ಕನೇ ತರಗತಿಯ ಮಲಯ ಪಠ್ಯದಲ್ಲಿ ಜಾವಿ ಕೈಬರಹದ ಕೆಲವು ಪುಟ ಸೇರಿಸಲು ಹೊರಟಾಗ ಚೀನೀ, ತಮಿಳು ಶಾಲೆಗಳ ಕಡೆಯಿಂದ ದೊಡ್ಡ ವಿರೋಧ ಬಂತು. ಎಲ್ಲರ ಕತೆ-ಕಾಗದಗಳ ಲಿಪಿಯಾಗಿದ್ದದ್ದು ಅಷ್ಟು ಹೊತ್ತಿಗೆ ಒಂದು ಧರ್ಮದ ಗುರುತಾಗಿ ಕಾಣತೊಡಗಿತ್ತು. ಅರ್ಥನಿರೂಪಣೆಯಲ್ಲಿ ಜಾಗವೇ ಸಿಗದ ಕನ್ನಡ ಲಿಪಿಯ ಕೊಂಕಣಿಯಾದರೋ ವಾರವಾರ ಪತ್ರಿಕೆ ಹೊರಡಿಸುತ್ತಿದೆ, ಮುಂಬಯಿಯಿಂದಲೂ 'ದಿವೊ' ಎಂಬ ವಾರಪತ್ರಿಕೆ ಬಂತು. ಕಾರಣ ಸರಳ. ದಕ್ಷಿಣ ಕನ್ನಡದ ಮಗು ಶಾಲೆಯಲ್ಲಿ ಹೇಗೂ ಕನ್ನಡ ಅಕ್ಷರ ಕಲಿಯುತ್ತದೆ. ಕೊಂಕಣಿಗೆ ಪ್ರತ್ಯೇಕ ಶಿಕ್ಷಕ ಬೇಕಿಲ್ಲ. ಇಂಗ್ಲಿಷ್ ಶಾಲೆಯ ಬಲದಿಂದ ರೂಮಿ ನಿಂತಂತೆ, ಕನ್ನಡ ಶಾಲೆಯ ಬಲದಿಂದ ಮಂಗಳೂರಿನ ಕೊಂಕಣಿ ನಿಂತಿದೆ. 2007ರಲ್ಲಿ ಕರ್ನಾಟಕದ ಶಾಲೆಗಳಲ್ಲಿ ಕೊಂಕಣಿಯನ್ನು ಐಚ್ಛಿಕ ಭಾಷೆಯಾಗಿ ತಂದಾಗ ನಾಗರಿಯೋ ಕನ್ನಡವೋ ಎಂಬ ಜಗಳ ಎದ್ದು, ಕಡೆಗೆ ಎರಡಕ್ಕೂ ಅವಕಾಶ ಕೊಟ್ಟರು. ವಿವೇಕದ ತೀರ್ಮಾನ ಅದು ಎಂಬುದು ನನ್ನ ಅಭಿಪ್ರಾಯ.

ಹಾಗಾದರೆ ಕನ್ನಡ ಲಿಪಿಯ ಕೊಂಕಣಿಗೆ ಅಪಾಯ ಇರುವುದು ಕಾಯ್ದೆಯಿಂದಲ್ಲ, ಕನ್ನಡ ಓದುವ ಮಕ್ಕಳು ಕಡಿಮೆಯಾಗುವುದರಿಂದ. ಮುಂಬಯಿಯಲ್ಲಿ ಅದು ಈಗಾಗಲೇ ಕಣ್ಣೆದುರಿಗಿದೆ. ಇಲ್ಲಿನ ಮಂಗಳೂರು ಕೊಂಕಣಿ ಮನೆಗಳಲ್ಲಿ ಅಜ್ಜಿಯ ಪ್ರಾರ್ಥನೆಯ ಪುಸ್ತಕ, ಅವಳು ಓದುವ ವಾರಪತ್ರಿಕೆ ಕನ್ನಡ ಲಿಪಿಯಲ್ಲಿವೆ. ಮೊಮ್ಮಕ್ಕಳು ಶಾಲೆಯಲ್ಲಿ ಇಂಗ್ಲಿಷ್, ಹಿಂದಿ, ಮರಾಠಿ ಕಲಿತವರು, ಅಂದರೆ ರೋಮನ್ ಮತ್ತು ನಾಗರಿ. ಮಾತು ಇಬ್ಬರದೂ ಒಂದೇ. ನೋಟಿನ ಆರನೇ ಸಾಲನ್ನು ಮೊಮ್ಮಗ ಓದಬಲ್ಲ, ಹಿಂದಿ ಕಲಿಯದ ಅಜ್ಜಿಗೆ ಆಗದು. ಅಜ್ಜಿಯ 'ರಾಕ್ಣೊ' ಮೊಮ್ಮಗನಿಗೆ ಬರೀ ದುಂಡುದುಂಡು ಚಿತ್ತಾರ. ಕನ್ನಡ ಮನೆಗಳವರಿಗೆ ಇದನ್ನು ವಿವರಿಸಬೇಕಾಗಿಲ್ಲ. ಮಾತುಂಗಾದಿಂದ ಫೋರ್ಟ್‌ವರೆಗೆ ಈ ಊರಿನ ಎಷ್ಟು ಕಪಾಟುಗಳಲ್ಲಿ ಓದುವವರಿಲ್ಲದ ಕಾರಂತ, ಭೈರಪ್ಪ ಕೂತಿದ್ದಾರೆಂದು ನಮಗೆ ಗೊತ್ತು. ಆದರೆ ಕನ್ನಡದ ಮೊಮ್ಮಗ ಲಿಪಿ ಕಲಿತರೆ ನೋಟಿನ ನಾಲ್ಕನೇ ಸಾಲೂ ಅಜ್ಜಿಯ ಪುಸ್ತಕವೂ ಒಟ್ಟಿಗೇ ತೆರೆಯುತ್ತವೆ; ಕೊಂಕಣಿಯವನಿಗೆ ಹಾಗಲ್ಲ.

ನನ್ನ ಕಸುಬಿನಲ್ಲಿ ಈ ಪ್ರಶ್ನೆ ಆಗಾಗ ಎದುರಾಗುತ್ತದೆ. ಯಾವುದೋ ಕರಪತ್ರ ಕೊಂಕಣಿಗೂ ಬೇಕು, ಯಾರಾದರೂ ಗೊತ್ತೇ ಎಂದು ಕೇಳುತ್ತಾರೆ. ಯಾವ ಲಿಪಿ ಎಂದು ನಾನು ಕೇಳಿದರೆ ಅತ್ತ ಕಡೆ ಮೌನ. ಅವರ ಪಟ್ಟಿಯಲ್ಲಿ 'ಕೊಂಕಣಿ' ಎಂಬ ಒಂದೇ ಖಾನೆ, ಅದರ ಎದುರು ನಾಗರಿ. ಉಡುಪಿ ಜಿಲ್ಲೆಯಲ್ಲಿ ಹಂಚುವ ಕಾಗದವಾದರೂ ಅಷ್ಟೇ.

ಲಿಪಿಯಿಂದ ಲಿಪಿಗೆ ಯಂತ್ರವೇ ಬದಲಿಸಿಕೊಡುತ್ತದಲ್ಲ ಎನ್ನುತ್ತಾರೆ. ಬದಲಿಸುತ್ತದೆ. ನಾಗರಿಯ ಎರಡಕ್ಷರದ ಮನೆ ಕನ್ನಡಕ್ಕೆ ಬರುವಾಗ 'ಘರ' ಆಗಿ ಬರುತ್ತದೆ, ಕೊನೆಯ ಅಕಾರ ನುಂಗಬೇಕೆಂದು ಯಂತ್ರಕ್ಕೆ ಯಾರೂ ಹೇಳಿಲ್ಲ. ಮಂಗಳೂರಿನವರು ಅದನ್ನು ಓದಿ ಇದು ಮರಾಠಿಯೋ ಎಂದು ಕೇಳುತ್ತಾರೆ. ಒಂದೊಂದೇ ಪದ ನೋಡಿ ಅರ್ಧಾಕ್ಷರ ಹಾಕುವ ಕೆಲಸ ಇನ್ನೂ ಮನುಷ್ಯರದೇ. ಇತ್ತ ಮೊಮ್ಮಗ ಫೋನಿನಲ್ಲಿ ಅಜ್ಜಿಗೆ ಕಳಿಸುವ ಸಂದೇಶವನ್ನು ರೋಮನ್ ಅಕ್ಷರದಲ್ಲೇ ಒತ್ತುತ್ತಾನೆ. ಗೋವಾದ ಕಾಗುಣಿತ ಅವನು ಕಲಿತಿಲ್ಲ, ಶಕಾರಕ್ಕೆ 'ಎಕ್ಸ್' ಹಾಕಬೇಕೆಂದು ಗೊತ್ತಿಲ್ಲ, ಮನೆಗೆ 'ಓ' ಬದಲು 'ಎ' ಹಾಕುತ್ತಾನೆ. ಅಜ್ಜಿ ಅದನ್ನು ಓದಲಾರಳು. ಆದ್ದರಿಂದ ಈಗ ಅವನು ಮಾತಾಡಿ ದನಿಯನ್ನೇ ಕಳಿಸುತ್ತಾನೆ.